ತಪ್ಪಿದ ಗುರುತು: ಬಸ್ಟರ್ ಕೀಟನ್ ಮತ್ತು 1921ರ ‘ದ ಗೋಟ್’

ಪೊಲೀಸ್ ಠಾಣೆಯ ಕಿಟಕಿ. ಬೀದಿಯಲ್ಲಿ ಅಲೆಯುತ್ತಿದ್ದ ಹಸಿದ ಯುವಕನೊಬ್ಬ ಎರಡೂ ಕೈಯಲ್ಲಿ ಸರಳು ಹಿಡಿದು ಒಳಗೆ ಇಣುಕುತ್ತಿದ್ದಾನೆ. ಒಳಗಡೆ ‘ಡೆಡ್ ಶಾಟ್ ಡ್ಯಾನ್’ ಎಂಬ ಕುಖ್ಯಾತ ಕೊಲೆಗಡುಕನನ್ನು ಕೂರಿಸಿ ದಾಖಲೆಗಾಗಿ ಫೋಟೊ ತೆಗೆಯುವ ಸಿದ್ಧತೆ ನಡೆದಿದೆ. ಫೋಟೊಗ್ರಾಫರನ ಗಮನ ಬೇರೆಡೆ ಹೋದ ಗಳಿಗೆಯಲ್ಲಿ ಡ್ಯಾನ್ ಬೆನ್ನ ಹಿಂದಿನ ಕಿಟಕಿಯಲ್ಲಿದ್ದ ಮುಖವನ್ನು ಕಾಣುತ್ತಾನೆ. ಸಟ್ಟನೆ ತಲೆ ತಗ್ಗಿಸಿ ತಾನೇ ಕ್ಯಾಮೆರಾ ಒತ್ತುತ್ತಾನೆ. ಆಮೇಲೆ ತನ್ನ ನಿಜವಾದ ಫೋಟೊ ಮೂಡದಿರಲೆಂದು ಹ್ಯಾಟಿನಿಂದ ಕ್ಯಾಮೆರಾ ಮುಚ್ಚುತ್ತಾನೆ. ಅವನು ಜೈಲಿನಿಂದ ಪರಾರಿಯಾದ ಮೇಲೆ ಗೋಡೆಗೋಡೆಗೂ ಪೋಸ್ಟರ್ ಬೀಳುತ್ತದೆ: ಸರಳುಗಳ ಹಿಂದೆ, ಸರಳು ಹಿಡಿದುಕೊಂಡೇ ನಿಂತ ನಿರಪರಾಧಿಯ ಮುಖ, ಅದರೊಂದಿಗೆ ಹಿಡಿದುಕೊಟ್ಟವರಿಗೆ ಬಹುಮಾನದ ಘೋಷಣೆ.

ಇದು 1921ರ ಮೇ 18ರಂದು ಮೆಟ್ರೊ ಸಂಸ್ಥೆ ಅಮೆರಿಕದಲ್ಲಿ ಬಿಡುಗಡೆ ಮಾಡಿದ ಎರಡು ರೀಲಿನ ಮೂಕಿ ಹಾಸ್ಯಚಿತ್ರ ‘ದ ಗೋಟ್’. ಬೇರೆಯವರ ತಪ್ಪಿಗೆ ತಲೆ ಕೊಡುವ ಬಲಿಪಶು ಎಂಬುದು ಶೀರ್ಷಿಕೆಯ ಇಂಗಿತ. ನಟ ಬಸ್ಟರ್ ಕೀಟನ್. ಕಥೆ ಮತ್ತು ನಿರ್ದೇಶನ ಕೀಟನ್ ಮತ್ತು ಮ್ಯಾಲ್ ಸೇಂಟ್ ಕ್ಲೇರ್ ಅವರದು. ಡೆಡ್ ಶಾಟ್ ಡ್ಯಾನ್‌ನ ಪಾತ್ರ ಮಾಡಿದವನೂ ಸೇಂಟ್ ಕ್ಲೇರನೇ. ಕೀಟನ್ ಬಗ್ಗೆ ಬರೆಯುವವರು ಸಾಮಾನ್ಯವಾಗಿ ‘ಒನ್ ವೀಕ್’, ‘ಕಾಪ್ಸ್’, ‘ಶೆರ್ಲಾಕ್ ಜೂನಿಯರ್’, ‘ದ ಜನರಲ್’ ಚಿತ್ರಗಳಲ್ಲಿ ನಿಲ್ಲುತ್ತಾರೆ. ‘ದ ಗೋಟ್’ಗೆ ಒಂದೆರಡು ಸಾಲು ಸಿಕ್ಕರೆ ಹೆಚ್ಚು. ಈ ಅಲಕ್ಷ್ಯ ನನಗೆ ಅನ್ಯಾಯವೆಂದೇ ತೋರುತ್ತದೆ. ಒಬ್ಬನ ಫೋಟೊ ಅವನನ್ನೇ ಮೀರಿ ಬೆಳೆದು ಅವನ ಬೆನ್ನುಹತ್ತಬಲ್ಲದು ಎಂಬುದನ್ನು ಇಷ್ಟು ನಿಚ್ಚಳವಾಗಿ ಹೇಳಿದ ಚಿತ್ರ ಆ ಕಾಲದಲ್ಲಿ ಇನ್ನೊಂದಿಲ್ಲ. ಬಿಡುಗಡೆಯಾದ ನಾಲ್ಕೇ ತಿಂಗಳಿಗೆ ಕೀಟನ್‌ನ ಅತ್ಯಂತ ಆಪ್ತ ಗೆಳೆಯನ ಬದುಕಿನಲ್ಲಿ ಅದು ನಡೆದೇ ಹೋಯಿತು.

ಕೀಟನ್ ಹುಟ್ಟಿದ್ದು 1895ರ ಅಕ್ಟೋಬರ್ 4ರಂದು, ಕ್ಯಾನ್ಸಸ್ ರಾಜ್ಯದ ಪಿಕ್ವಾ ಎಂಬ ಹಳ್ಳಿಯಲ್ಲಿ. ಅಪ್ಪ ಜೋ, ಅಮ್ಮ ಮೈರಾ ಇಬ್ಬರೂ ಊರೂರು ತಿರುಗುವ ರಂಗಪ್ರದರ್ಶನದವರು. ‘ತ್ರೀ ಕೀಟನ್ಸ್’ ಎಂಬ ಅವರ ತಂಡದ ಮುಖ್ಯ ಆಕರ್ಷಣೆಯೇ ಈ ಮಗು. ಅಪ್ಪ ಅದನ್ನು ರಂಗದ ಮೇಲೆ ಅತ್ತಿತ್ತ ಎಸೆಯುವುದು, ಅದು ಬಿದ್ದೆದ್ದು ಬರುವುದು. ಬಿದ್ದ ಮೇಲೆ ತಾನು ನಕ್ಕರೆ ಪ್ರೇಕ್ಷಕರು ನಗುವುದಿಲ್ಲ ಎಂಬುದನ್ನು ಹುಡುಗ ಬಲು ಬೇಗ ಕಲಿತ. ಮುಂದೆ ಜಗತ್ತು ಮೆಚ್ಚಿದ ಆ ಭಾವವಿಲ್ಲದ ಮುಖ ಹುಟ್ಟಿದ್ದು ಅಲ್ಲಿ. ಮಕ್ಕಳ ಮೇಲಿನ ಕ್ರೌರ್ಯ ತಡೆಯುವ ನ್ಯೂಯಾರ್ಕಿನ ಸಂಘದವರು ಈ ಪ್ರದರ್ಶನಕ್ಕೆ ಮತ್ತೆ ಮತ್ತೆ ಅಡ್ಡಬಂದರು. ಅಧಿಕಾರದವರ ಕಣ್ಣು ತನ್ನ ಮೇಲಿರುತ್ತದೆ ಎಂಬ ಅನುಭವ ಅವನಿಗೆ ಬಾಲ್ಯದಿಂದಲೇ ಇತ್ತು.

1917ರಲ್ಲಿ ನ್ಯೂಯಾರ್ಕಿನಲ್ಲಿ ಅವನಿಗೆ ರಾಸ್ಕೊ ಅರ್ಬಕಲ್‌ನ ಪರಿಚಯವಾಯಿತು. ಜನ ‘ಫ್ಯಾಟಿ’ ಎಂದು ಕರೆಯುತ್ತಿದ್ದ ಈ ಸ್ಥೂಲಕಾಯದ ನಟ ಆಗ ಚಾಪ್ಲಿನ್‌ನಷ್ಟೇ ಹೆಸರಾಗಿದ್ದವನು. ‘ದ ಬುಚರ್ ಬಾಯ್’ ಚಿತ್ರದಲ್ಲಿ ಕೀಟನ್‌ಗೆ ಅವನು ಒಂದು ಚಿಕ್ಕ ಪಾತ್ರ ಕೊಟ್ಟ. ಅಲ್ಲಿಂದ 1920ರವರೆಗೆ ಇಬ್ಬರೂ ಕೂಡಿ ಹದಿನಾಲ್ಕು ಕಿರುಚಿತ್ರ ಮಾಡಿದರು. ನಡುವೆ ಕೀಟನ್ ಮೊದಲ ಮಹಾಯುದ್ಧಕ್ಕೆ ಹೋಗಿ ಫ್ರಾನ್ಸಿನಲ್ಲಿದ್ದು, ಅರ್ಧ ಕಿವುಡನಾಗಿ ಮರಳಿದ. ಕ್ಯಾಮೆರಾ ಏನು ಮಾಡುತ್ತದೆ, ಹಾಸ್ಯವನ್ನು ಎಲ್ಲಿ ತುಂಡರಿಸಬೇಕು, ಎಲ್ಲಿ ತುಂಡರಿಸದೆ ಬಿಡಬೇಕು, ಎಲ್ಲವನ್ನೂ ಅವನು ಕಲಿತದ್ದು ಅರ್ಬಕಲ್‌ನ ಜೊತೆಯಲ್ಲಿ. ಆ ಋಣವನ್ನು ಅವನು ಕೊನೆಯವರೆಗೂ ಮರೆಯಲಿಲ್ಲ.

1920ರಲ್ಲಿ ಅರ್ಬಕಲ್ ಪೂರ್ಣಪ್ರಮಾಣದ ಚಿತ್ರಗಳತ್ತ ಹೊರಳಿದಾಗ ನಿರ್ಮಾಪಕ ಜೋಸೆಫ್ ಶೆಂಕ್ ಆ ಇಡೀ ತಂಡವನ್ನು ಕೀಟನ್‌ನ ಕೈಗಿತ್ತ. ವಾರಕ್ಕೆ 1000 ಡಾಲರ್ ಸಂಬಳ, ಲಾಭದಲ್ಲಿ ಕಾಲು ಪಾಲು. ಹಾಲಿವುಡ್‌ನ ಲಿಲಿಯನ್ ವೇ ರಸ್ತೆಯಲ್ಲಿ ಖಾಲಿ ಬಿದ್ದಿದ್ದ ಒಂದು ಸ್ಟುಡಿಯೊವನ್ನೂ ಕೊಡಿಸಿದ. ಅದು ಕೆಲವೇ ವರ್ಷಗಳ ಹಿಂದೆ ಚಾರ್ಲಿ ಚಾಪ್ಲಿನ್ ಕೆಲಸ ಮಾಡಿದ ಲೋನ್ ಸ್ಟಾರ್ ಸ್ಟುಡಿಯೊ. 1916ರ ‘ದ ಫ್ಲೋರ್‌ವಾಕರ್’ ಚಿತ್ರವನ್ನು ಚಾಪ್ಲಿನ್ ಮಾಡಿದ್ದು ಅಲ್ಲೇ. ಅದೂ ಗುರುತು ತಪ್ಪುವ ಕಥೆ. ದೊಡ್ಡ ಅಂಗಡಿಯೊಂದರಲ್ಲಿ ಅಲೆಮಾರಿ ಚಾರ್ಲಿಯೂ ಅವನನ್ನೇ ಹೋಲುವ ಮೇಲ್ವಿಚಾರಕನೂ ಎದುರುಬದುರಾಗುತ್ತಾರೆ. ನಡುವೆ ಕನ್ನಡಿಯಿದೆಯೆಂದು ಇಬ್ಬರೂ ಭ್ರಮಿಸಿ ಒಬ್ಬರ ಚಲನೆಯನ್ನು ಒಬ್ಬರು ಪ್ರತಿಬಿಂಬಿಸುತ್ತಾರೆ. ಈ ಕನ್ನಡಿಯಾಟವನ್ನು 1921ರಲ್ಲಿ ಫ್ರಾನ್ಸಿನ ಮ್ಯಾಕ್ಸ್ ಲಿಂಡರ್ ‘ಸೆವೆನ್ ಇಯರ್ಸ್ ಬ್ಯಾಡ್ ಲಕ್’ ಚಿತ್ರದಲ್ಲಿ ಇನ್ನಷ್ಟು ಬೆಳೆಸಿದ. 1933ರಲ್ಲಿ ಮಾರ್ಕ್ಸ್ ಸಹೋದರರ ‘ಡಕ್ ಸೂಪ್’ನಲ್ಲಿ ಅದು ಪರಾಕಾಷ್ಠೆ ಮುಟ್ಟಿತು.

‘ಫ್ಲೋರ್‌ವಾಕರ್’ನ ಇನ್ನೊಂದು ವಿಶೇಷ ಅದರಲ್ಲಿನ ಚಲಿಸುವ ಮೆಟ್ಟಿಲು. 1921ರಲ್ಲಿ ಕೀಟನ್ ತನ್ನ ‘ದ ಎಲೆಕ್ಟ್ರಿಕ್ ಹೌಸ್’ ಚಿತ್ರಕ್ಕೂ ಅಂಥದೇ ಮೆಟ್ಟಿಲು ಕಟ್ಟಿಸಿದ. ಚಿತ್ರೀಕರಣದ ನಡುವೆ ಅವನ ಶೂ ಅದರಲ್ಲಿ ಸಿಕ್ಕಿಕೊಂಡು ಕಣಕಾಲಿನ ಮೂಳೆ ಮುರಿಯಿತು. ಆ ಚಿತ್ರವನ್ನು ಕೈಬಿಡಬೇಕಾಯಿತು. ಮೊದಲು ಮಾಡಿ, ಮನಸ್ಸಿಗೆ ಹಿಡಿಸದೆ ಬದಿಗಿಟ್ಟಿದ್ದ ‘ದ ಹೈ ಸೈನ್’ ಅನ್ನು ಹೊರತೆಗೆದು ಏಪ್ರಿಲ್‌ನಲ್ಲಿ ಬಿಡುಗಡೆ ಮಾಡಬೇಕಾಯಿತು. ‘ದ ಗೋಟ್’ ಬಂದದ್ದು ಅದರ ಮರುತಿಂಗಳು. ಎರಡು ಕಾಲೂ ಗಟ್ಟಿಯಿದ್ದಾಗ ಕೀಟನ್ ಏನು ಮಾಡಬಲ್ಲ ಎಂಬುದಕ್ಕೆ ಆ ವರ್ಷದ ಶ್ರೇಷ್ಠ ದಾಖಲೆ ಇದು.

ಸಾಹಿತ್ಯದಲ್ಲಿ ಗುರುತು ತಪ್ಪುವ ಹಾಸ್ಯಕ್ಕೆ ಎರಡು ಸಾವಿರ ವರ್ಷ ವಯಸ್ಸು. ರೋಮಿನ ಪ್ಲಾಟಸ್ ಅವಳಿಗಳನ್ನು ತಂದ, ಶೇಕ್ಸ್‌ಪಿಯರ್ ಒಂದು ಜೋಡಿಯನ್ನು ಎರಡು ಜೋಡಿ ಮಾಡಿದ. ಅಲ್ಲೆಲ್ಲ ತಪ್ಪು ಕಣ್ಣಿನದು: ಇಬ್ಬರು ಒಂದೇ ತೆರನಾಗಿದ್ದಾರೆ, ನೋಡಿದವರು ಮೋಸಹೋಗುತ್ತಾರೆ. ಚಾಪ್ಲಿನ್‌ನದೂ ಅದೇ ದಾರಿ. ಕೀಟನ್‌ಗೂ ಡೆಡ್ ಶಾಟ್ ಡ್ಯಾನ್‌ಗೂ ಮಾತ್ರ ಯಾವ ಹೋಲಿಕೆಯೂ ಇಲ್ಲ. ಇಲ್ಲಿ ತಪ್ಪಿದ್ದು ದಾಖಲೆ. ದಾಖಲೆಯನ್ನು ನಂಬಿದವರು ಎದುರಿಗಿದ್ದ ಮನುಷ್ಯನನ್ನು ನೋಡುವುದನ್ನೇ ಬಿಟ್ಟರು. ಹೀಗೊಂದು ಕಥೆ ಹುಟ್ಟಬೇಕಾದರೆ ಪೊಲೀಸರ ಕೈಗೆ ಕ್ಯಾಮೆರಾ ಬಂದಿರಬೇಕು, ಆ ಕ್ಯಾಮೆರಾದ ಮೇಲೆ ಜನಕ್ಕೆ ನಂಬಿಕೆ ಕುದುರಿರಬೇಕು. ಎರಡೂ ಹಿಂದಿನ ಕೆಲವು ದಶಕಗಳಲ್ಲಷ್ಟೇ ಆಗಿದ್ದವು.

1880ರ ದಶಕದಲ್ಲಿ ಪ್ಯಾರಿಸ್ಸಿನ ಆಲ್ಫೋನ್ಸ್ ಬರ್ಟಿಯೋನ್ ಎಂಬ ಪೊಲೀಸ್ ಗುಮಾಸ್ತ ಅಪರಾಧಿಗಳ ತಲೆ, ತೋಳು, ಪಾದ, ಬೆರಳುಗಳನ್ನು ಅಳೆದು ದಾಖಲಿಸುವ ಪದ್ಧತಿ ರೂಪಿಸಿದ. ಜೊತೆಗೆ ಎದುರಿನಿಂದ ಒಂದು, ಪಕ್ಕದಿಂದ ಒಂದು ಫೋಟೊ. ಇಂದಿಗೂ ಠಾಣೆಗಳಲ್ಲಿ ನಡೆಯುವ ಕ್ರಮ ಅದೇ. 1886ರಲ್ಲಿ ನ್ಯೂಯಾರ್ಕಿನ ಪೊಲೀಸ್ ಅಧಿಕಾರಿ ಥಾಮಸ್ ಬರ್ನ್ಸ್ ಪಳಗಿದ ಕಳ್ಳರ ಫೋಟೊಗಳ ಪುಸ್ತಕವನ್ನೇ ಅಚ್ಚು ಹಾಕಿಸಿದ. ಸಿಕ್ಕಿಬಿದ್ದವರು ಇದನ್ನು ಸುಮ್ಮನೆ ಒಪ್ಪಿಕೊಳ್ಳಲಿಲ್ಲ. ಪತ್ರಕರ್ತ ಜೇಕಬ್ ರೀಸ್ ಅವರ ಸಂಗ್ರಹದಲ್ಲಿ ಆ ಕಾಲದ ಒಂದು ಚಿತ್ರವಿದೆ: ನಾಲ್ಕಾರು ಮಂದಿ ಒಬ್ಬನನ್ನು ಕ್ಯಾಮೆರಾದ ಮುಂದೆ ಬಿಗಿಯಾಗಿ ಹಿಡಿದಿದ್ದಾರೆ, ಅವನು ಗುರುತು ಸಿಗದಂತೆ ಮುಖ ಸೊಟ್ಟ ಮಾಡುತ್ತಿದ್ದಾನೆ, ಇನ್‌ಸ್ಪೆಕ್ಟರ್ ಬರ್ನ್ಸ್ ಪಕ್ಕದಲ್ಲಿ ನಿಂತು ನೋಡುತ್ತಿದ್ದಾನೆ. ಡೆಡ್ ಶಾಟ್ ಡ್ಯಾನ್ ಆಡಿದ ಆಟ ಈ ಹಳೆಯ ಜಗಳದ್ದೇ ಮುಂದುವರಿಕೆ.

ತಪ್ಪಿದ ಗುರುತಿನಿಂದ ನಿಜವಾಗಿ ನೊಂದವರೂ ಇದ್ದರು. ಲಂಡನ್ನಿನ ಅಡಾಲ್ಫ್ ಬೆಕ್ ಎಂಬಾತನನ್ನು, ಹೆಂಗಸರನ್ನು ವಂಚಿಸಿ ಒಡವೆ ಹೊಡೆಯುತ್ತಿದ್ದ ಇನ್ನೊಬ್ಬನೆಂದು ಭಾವಿಸಿ 1896ರಲ್ಲಿ ಜೈಲಿಗೆ ಕಳಿಸಿದರು. ಹೊರಬಂದ ಮೇಲೆ 1904ರಲ್ಲಿ ಮತ್ತೆ ಅದೇ ತಪ್ಪು, ಮತ್ತೆ ಅವನೇ ಅಪರಾಧಿ. ನಿಜವಾದ ವಂಚಕ ಸಿಕ್ಕಿಬಿದ್ದಾಗ ಮಾತ್ರ ಬೆಕ್‌ಗೆ ಬಿಡುಗಡೆ. 1907ರಲ್ಲಿ ಇಂಗ್ಲೆಂಡಿನಲ್ಲಿ ಕ್ರಿಮಿನಲ್ ಮೇಲ್ಮನವಿ ನ್ಯಾಯಾಲಯ ಸ್ಥಾಪನೆಯಾಗುವುದಕ್ಕೆ ಈ ಪ್ರಕರಣವೇ ದೊಡ್ಡ ಒತ್ತಾಸೆ.

ಅಮೆರಿಕದಲ್ಲಿ ಇದಕ್ಕಿಂತ ಹೆಚ್ಚು ಪ್ರಚಾರ ಪಡೆದದ್ದು ವಿಲ್ ವೆಸ್ಟ್‌ನ ಕಥೆ. 1903ರಲ್ಲಿ ಕ್ಯಾನ್ಸಸ್‌ನ ಲೆವೆನ್‌ವರ್ತ್ ಜೈಲಿಗೆ ಬಂದ ಈ ಹೊಸ ಕೈದಿಯ ಹೆಸರು, ಮುಖ, ದೇಹದ ಅಳತೆ ಎಲ್ಲವೂ ಆಗಲೇ ಅಲ್ಲಿದ್ದ ವಿಲಿಯಂ ವೆಸ್ಟ್ ಎಂಬ ಕೈದಿಯ ದಾಖಲೆಗೆ ತಾಳೆಯಾದವಂತೆ. ಬೇರೆಯಾಗಿದ್ದದ್ದು ಬೆರಳಚ್ಚು ಮಾತ್ರವಂತೆ. ಬೆರಳಚ್ಚಿನ ಮಹಿಮೆ ಹೇಳಲು ಪೊಲೀಸ್ ಕೈಪಿಡಿಗಳು ಇದನ್ನು ದಶಕಗಳ ಕಾಲ ಬಳಸಿಕೊಂಡವು. ಈಚಿನ ಸಂಶೋಧಕರು ಇದನ್ನು ಹಾಗೆಯೇ ಒಪ್ಪುವುದಿಲ್ಲ. ಇಬ್ಬರೂ ರಕ್ತಸಂಬಂಧಿಗಳಾಗಿದ್ದಿರಬೇಕು, ಕಥೆಯ ನಾಟಕೀಯ ಭಾಗ ಆಮೇಲೆ ಸೇರಿದ್ದು ಎಂಬುದು ಅವರ ವಾದ. ಬೆರಳಚ್ಚನ್ನು ವಿಂಗಡಿಸುವ ಕ್ರಮ ರೂಪುಗೊಂಡದ್ದಂತೂ ನಮ್ಮ ಕಲ್ಕತ್ತಾದಲ್ಲಿ. ಎಡ್ವರ್ಡ್ ಹೆನ್ರಿಯ ಹೆಸರು ಹೊತ್ತ ಆ ಪದ್ಧತಿಯ ಹಿಂದೆ ಅಜೀಜುಲ್ ಹಕ್ ಮತ್ತು ಹೇಮಚಂದ್ರ ಬೋಸ್ ಎಂಬ ಇಬ್ಬರು ಭಾರತೀಯ ಅಧಿಕಾರಿಗಳ ದುಡಿಮೆಯಿದೆ. ಆದರೂ 1921ರ ಅಮೆರಿಕದ ಸಾಮಾನ್ಯ ಜನಕ್ಕೆ ಅಪರಾಧಿಯೆಂದರೆ ಪೋಸ್ಟರಿನಲ್ಲಿ ಅಚ್ಚಾದ ಮುಖ, ಅಷ್ಟೇ.

ಈಗ ಚಿತ್ರಕ್ಕೆ ಬರೋಣ. ಕೀಟನ್‌ನ ಸ್ಟುಡಿಯೊದಲ್ಲಿ ಬರೆದಿಟ್ಟ ಚಿತ್ರಕಥೆ ಎಂಬುದೇ ಇರುತ್ತಿರಲಿಲ್ಲ. ಆರಂಭ ಮತ್ತು ಅಂತ್ಯ ಸಿಕ್ಕರೆ ಸಾಕು, ನಡುವಿನದು ತಾನಾಗಿ ಕೂಡಿಕೊಳ್ಳುತ್ತದೆ ಎಂಬುದು ಅವನ ನಂಬಿಕೆ. ಹಾಸ್ಯ ಹೊಳೆಯದಿದ್ದರೆ ಇಡೀ ತಂಡ ಕೆಲಸ ನಿಲ್ಲಿಸಿ ಬೇಸ್‌ಬಾಲ್ ಆಡುತ್ತಿತ್ತು. ಕ್ಯಾಮೆರಾ ಹಿಡಿದವನು ಎಲ್ಜಿನ್ ಲೆಸ್ಲಿ. ಆಗ ಕ್ಯಾಮೆರಾದ ಹಿಡಿಯನ್ನು ಕೈಯಿಂದಲೇ ತಿರುಗಿಸಬೇಕಿತ್ತು. ಲೆಸ್ಲಿಯ ಕೈ ಎಷ್ಟು ಸಮಗತಿಯದೆಂದರೆ ಅವನನ್ನು ಮನುಷ್ಯರೂಪದ ತಾಳಯಂತ್ರವೆಂದೇ ಕರೆಯುತ್ತಿದ್ದರು.

ಚಿತ್ರದ ಮೊದಲಿಗೆ ಬಡವರಿಗೆ ಬ್ರೆಡ್ ಹಂಚುವ ಸಾಲು. ಕೀಟನ್ ಕೊನೆಗೆ ಬಂದು ನಿಲ್ಲುತ್ತಾನೆ. ಮುಂದಿರುವ ಇಬ್ಬರು ಅಲುಗಾಡುವುದೇ ಇಲ್ಲ. ಬಹಳ ಹೊತ್ತು ತಾಳ್ಮೆಯಿಂದ ಕಾದ ಮೇಲೆ ತಿಳಿಯುತ್ತದೆ: ಅವು ಬಟ್ಟೆ ಅಂಗಡಿಯವರು ಹೊರಗೆ ನಿಲ್ಲಿಸಿದ ಬೊಂಬೆಗಳು. ಅಷ್ಟರಲ್ಲಿ ಬ್ರೆಡ್ ಮುಗಿದಿದೆ. ಬೊಂಬೆಯನ್ನು ಮನುಷ್ಯನೆಂದು ಭ್ರಮಿಸಿದ ಇವನನ್ನೇ ಮುಂದೆ ಊರು ಕೊಲೆಗಾರನೆಂದು ಭ್ರಮಿಸಲಿದೆ. ಇಷ್ಟು ಚಿಕ್ಕ ಹಾಸ್ಯದೊಳಗೆ ಇಡೀ ಚಿತ್ರದ ಬೀಜ ಅಡಗಿದೆ.

ಆಮೇಲೆ ಕುದುರೆಯ ಲಾಳದ ಪ್ರಸಂಗ. ಬಿದ್ದಿದ್ದ ಲಾಳವನ್ನು ಒಬ್ಬ ಎತ್ತಿ ಎಸೆಯುತ್ತಾನೆ, ಅವನಿಗೆ ಹಣದ ಪರ್ಸು ಸಿಗುತ್ತದೆ. ಕೀಟನ್ ಅದೇ ಲಾಳ ಹುಡುಕಿ ಎಸೆದರೆ ಅದು ಪೊಲೀಸನಿಗೆ ಬಡಿಯುತ್ತದೆ. ಒಬ್ಬ ಪೊಲೀಸ್ ಹಲವರಾಗುತ್ತಾರೆ, ಓಟ ಶುರುವಾಗುತ್ತದೆ. ಅವರನ್ನೆಲ್ಲ ಒಂದು ಲಾರಿಯೊಳಗೆ ಹತ್ತಿಸಿ ಬಾಗಿಲು ಹಾಕುವ ಚಾಲಾಕಿತನ ಅವನಿಗಿದೆ. ಅವರು ಹೊರಬಂದು ಮತ್ತೆ ಬೆನ್ನುಹತ್ತುತ್ತಾರೆ. ಈ ಧಾವಂತದ ನಡುವೆಯೂ ದಾರಿಯಲ್ಲಿ ಒಬ್ಬ ಯುವತಿಯ ಜೊತೆ ಒರಟಾಗಿ ನಡೆದುಕೊಂಡವನನ್ನು ಎತ್ತಿ ಕೆಡವುತ್ತಾನೆ. ಕೊನೆಗೆ ರೈಲು ಹತ್ತಿ ಪಕ್ಕದ ಊರಿಗೆ ಪಾರಾಗುತ್ತಾನೆ.

ಆ ಊರಿಗೆ ಅವನು ಬಂದಿಳಿಯುವ ಶಾಟ್ ಬಗ್ಗೆ ಎಷ್ಟು ಹೇಳಿದರೂ ಕಡಿಮೆ. ದೂರದಲ್ಲಿ ಒಂದು ರೈಲು. ಕ್ಯಾಮೆರಾ ಅಲುಗದೆ ಹಳಿಯ ನೇರಕ್ಕೆ ನೋಡುತ್ತಿದೆ. ರೈಲು ಹತ್ತಿರ ಹತ್ತಿರ ಬರುತ್ತದೆ, ಎಂಜಿನ್ನು ಪರದೆ ತುಂಬುತ್ತದೆ, ಕ್ಯಾಮೆರಾಕ್ಕೆ ಇನ್ನೇನು ಬಡಿಯಿತು ಎನ್ನುವಷ್ಟರಲ್ಲಿ ನಿಲ್ಲುತ್ತದೆ. ಎಂಜಿನ್ನಿನ ಮೂತಿಯಲ್ಲಿ ಹಳಿಗೆ ಅಡ್ಡಬಂದ ದನ ಸರಿಸುವ ಜಾಲರಿಯಿದೆಯಲ್ಲ, ಅದರ ಮೇಲೆ ಕೀಟನ್ ನಿರ್ವಿಕಾರವಾಗಿ ಕೂತಿದ್ದಾನೆ. ದೂರದ ಚುಕ್ಕೆಯಿಂದ ಹತ್ತಿರದ ಮುಖದವರೆಗೆ ಒಂದೇ ಶಾಟು, ಒಂದೂ ತುಂಡಿಲ್ಲ. ಮೂಕಿ ಕಾಲದ ಅತ್ಯಂತ ಸುಂದರ ಶಾಟುಗಳಲ್ಲಿ ಇದನ್ನು ಹಿಂಜರಿಯದೆ ಸೇರಿಸಬಹುದು. ಕಥೆಗೂ ಇದಕ್ಕೂ ನಂಟಿದೆ: ಮುಖವೊಂದು ನಮ್ಮತ್ತ ದೊಡ್ಡದಾಗುತ್ತ ಬಂದು ಪೋಸ್ಟರಿನಂತೆ ಎದುರು ನಿಲ್ಲುತ್ತದೆ, ಮರುಕ್ಷಣದಲ್ಲೇ ಆ ಊರಿನ ಗೋಡೆಗಳ ಮೇಲೆ ನಿಜವಾದ ಪೋಸ್ಟರುಗಳು ಅವನಿಗೆ ಕಾಯುತ್ತಿವೆ.

ಅಲ್ಲಿಂದ ಜನ ಅವನನ್ನು ಕಂಡರೆ ನಡುಗುತ್ತಾರೆ, ದಾರಿ ಬಿಟ್ಟು ಓಡುತ್ತಾರೆ. ಅವನ ಮುಖದಲ್ಲಿ ಕೋಪವಿಲ್ಲ, ಕ್ರೌರ್ಯವಿಲ್ಲ, ಭಯವೂ ಅಷ್ಟಾಗಿ ಇಲ್ಲ. ಆ ಖಾಲಿ ಮುಖದಲ್ಲಿ ಊರಿನವರು ಕೊಲೆಗಡುಕನನ್ನು ಓದಿಕೊಳ್ಳುತ್ತಾರೆ. ಹೆಚ್ಚುಕಡಿಮೆ ಇದೇ ಕಾಲದಲ್ಲಿ ಮಾಸ್ಕೋದಲ್ಲಿ ಲೆವ್ ಕುಲೆಶೋವ್ ಒಂದು ಪ್ರಯೋಗ ಮಾಡಿದನೆಂದು ಹೇಳುತ್ತಾರೆ. ಒಬ್ಬ ನಟನ ಭಾವರಹಿತ ಮುಖದ ಒಂದೇ ಶಾಟನ್ನು ಬೇರೆ ಬೇರೆ ದೃಶ್ಯಗಳ ಪಕ್ಕ ಜೋಡಿಸಿದಾಗ ಪ್ರೇಕ್ಷಕರಿಗೆ ಒಮ್ಮೆ ಹಸಿವು, ಒಮ್ಮೆ ದುಃಖ ಕಂಡಿತಂತೆ. ಆ ಫಿಲ್ಮ್ ಉಳಿದಿಲ್ಲ, ಪ್ರಯೋಗ ಹೇಳುವಷ್ಟು ಕ್ರಮಬದ್ಧವಾಗಿತ್ತೇ ಎಂಬುದರ ಬಗ್ಗೆ ವಿದ್ವಾಂಸರಲ್ಲಿ ಒಮ್ಮತವೂ ಇಲ್ಲ. ಕೀಟನ್‌ನ ಚಿತ್ರ ಮಾತ್ರ ನಮ್ಮ ಕಣ್ಣೆದುರಿಗಿದೆ, ಅದೇ ಸತ್ಯವನ್ನು ನಗಿಸುತ್ತಲೇ ಸಾಬೀತು ಮಾಡುತ್ತಿದೆ.

ಊರಿನ ಪೊಲೀಸ್ ಮುಖ್ಯಸ್ಥನ ಪಾತ್ರದಲ್ಲಿ ಜೋ ರಾಬರ್ಟ್ಸ್ ಇದ್ದಾನೆ. ಕೀಟನ್ ಕುಟುಂಬದ ಹಳೆಯ ಸ್ನೇಹಿತ, ಆರಡಿ ಮೀರಿದ ಬೆಟ್ಟದಂಥ ಆಳು. ಅವನಿಂದ ತಪ್ಪಿಸಿಕೊಳ್ಳಲು ಕೀಟನ್ ಒಂದೆಡೆ ಅನಾವರಣಕ್ಕೆ ಸಿದ್ಧವಾದ ಮಣ್ಣಿನ ಕುದುರೆಯ ಪ್ರತಿಮೆಯ ಮೇಲೆ ಏರಿ ಶಿಲ್ಪದಂತೆ ಕೂರುತ್ತಾನೆ. ಪರದೆ ಸರಿಯುತ್ತದೆ; ಹಸಿ ಮಣ್ಣಿನ ಕುದುರೆಯ ಕಾಲುಗಳು ಅವನ ಭಾರಕ್ಕೆ ನಿಧಾನವಾಗಿ ಕುಸಿಯುತ್ತವೆ. ಪೂರ್ತಿ ಕುಸಿಯುವವರೆಗೂ ಅವನ ಮುಖ ಶಿಲ್ಪದ ಮುಖವೇ.

ಹಿಂದೆ ತಾನು ಕಾಪಾಡಿದ ಯುವತಿ ಮತ್ತೆ ಸಿಕ್ಕಿ ರಾತ್ರಿ ಊಟಕ್ಕೆ ಕರೆಯುತ್ತಾಳೆ. ಹೋದರೆ, ಅವಳ ಅಪ್ಪ ಅದೇ ಪೊಲೀಸ್ ಮುಖ್ಯಸ್ಥ. ಅಪ್ಪ ಬಾಗಿಲಿಗೆ ಬೀಗ ಹಾಕಿ, ಬೆನ್ನನ್ನು ಬಾಗಿಲಿಗೆ ಕೊಟ್ಟು ನಿಲ್ಲುತ್ತಾನೆ. ಕೀಟನ್ ಒಂದು ಕ್ಷಣ ಲೆಕ್ಕ ಹಾಕುತ್ತಾನೆ. ಊಟದ ಮೇಜಿನ ಮೇಲೆ ಒಂದು ಹೆಜ್ಜೆ, ಆ ದೈತ್ಯನ ಹೆಗಲ ಮೇಲೆ ಇನ್ನೊಂದು, ಅಲ್ಲಿಂದ ಬಾಗಿಲ ಮೇಲಿನ ಗವಾಕ್ಷಿಯೊಳಗೆ ಮೀನಿನಂತೆ ನುಸುಳಿ ಆಚೆಗೆ. ಈ ನೆಗೆತದಲ್ಲಿ ಕ್ಯಾಮೆರಾದ ಮೋಸವಿಲ್ಲ. ಇಡೀ ಮೈ ನಮಗೆ ಕಾಣುತ್ತದೆ. ಐದಾರು ವರ್ಷದ ಮಗುವಾಗಿದ್ದಾಗಿನಿಂದ ರಂಗದ ಮೇಲೆ ಬಿದ್ದು ಪಳಗಿದ ದೇಹ ಅದು.

ಕೊನೆಯ ಬೆನ್ನಟ್ಟುವಿಕೆ ಲಿಫ್ಟಿನಲ್ಲಿ. ಆಗಿನ ಲಿಫ್ಟುಗಳ ಬಾಗಿಲ ಮೇಲೆ ಮಹಡಿ ತೋರಿಸುವ ಗಡಿಯಾರದಂಥ ಮುಳ್ಳು ಇರುತ್ತಿತ್ತು. ಲಿಫ್ಟು ಎಲ್ಲಿದೆಯೋ ಅದನ್ನು ಮುಳ್ಳು ತೋರಿಸುವುದು ಲೋಕದ ನಿಯಮ. ಕೀಟನ್ ಕೈಯಿಂದ ಮುಳ್ಳನ್ನು ತಿರುಗಿಸುತ್ತಾನೆ, ಲಿಫ್ಟು ಮುಳ್ಳಿನ ಮಾತು ಕೇಳಿ ಬರುತ್ತದೆ. ಮುಳ್ಳನ್ನು ಅಂಚಿನಾಚೆಗೆ ತಿರುಗಿಸಿದಾಗ ಪೊಲೀಸ್ ಮುಖ್ಯಸ್ಥನನ್ನು ಹೊತ್ತ ಲಿಫ್ಟು ಕಟ್ಟಡದ ಚಾವಣಿ ಸೀಳಿ ಆಕಾಶಕ್ಕೆ ಹಾರುತ್ತದೆ. ಸೂಚಕವೇ ವಸ್ತುವನ್ನು ಆಳುವ ಈ ಲೋಕದಲ್ಲಿ ಪೋಸ್ಟರೊಂದು ಮನುಷ್ಯನನ್ನು ಆಳಿದ್ದು ಸಹಜವೇ ತಾನೆ. ಚಿತ್ರದುದ್ದಕ್ಕೂ ಕಾಗದದ ಸುಳ್ಳಿಗೆ ಬೆದರಿ ಓಡಿದವನು ಕೊನೆಯಲ್ಲಿ ಒಂದು ಸುಳ್ಳು ಸೂಚನೆಯನ್ನು ತನ್ನ ಕೈಗೆ ತೆಗೆದುಕೊಂಡು ಗೆಲ್ಲುತ್ತಾನೆ. ಯುವತಿಯ ಕೈಹಿಡಿದು ಪೀಠೋಪಕರಣದ ಅಂಗಡಿಯೊಳಗೆ ನಡೆಯುತ್ತಾನೆ.

ಈ ಕಲ್ಪನೆಗಳಲ್ಲಿ ಸೇಂಟ್ ಕ್ಲೇರನ ಪಾಲೆಷ್ಟು ಎಂಬ ಚರ್ಚೆ ಇನ್ನೂ ಮುಗಿದಿಲ್ಲ. ಕೀಟನ್‌ನ ಆಗಿನ ಕಿರುಚಿತ್ರಗಳಲ್ಲಿ ಹೆಚ್ಚಿನವಕ್ಕೆ ಸಹನಿರ್ದೇಶಕ ಎಡ್ಡಿ ಕ್ಲೈನ್. ‘ದ ಗೋಟ್’ ಮತ್ತು ‘ದ ಬ್ಲ್ಯಾಕ್‌ಸ್ಮಿತ್’ ಎರಡಕ್ಕೆ ಸೇಂಟ್ ಕ್ಲೇರ್. ಗುರುತು ತಪ್ಪುವ ಕಥೆ 1920ರ ‘ಕನ್ವಿಕ್ಟ್ 13’ರಲ್ಲೂ ಇದೆ, ಅಲ್ಲಿ ಓಡಿಹೋಗುವ ಕೈದಿ ಪ್ರಜ್ಞೆ ತಪ್ಪಿದ ಕೀಟನ್‌ನ ಬಟ್ಟೆ ತೊಟ್ಟು ತನ್ನ ಬಟ್ಟೆ ಅವನಿಗೆ ತೊಡಿಸುತ್ತಾನೆ. ಅದಕ್ಕೆ ಸೇಂಟ್ ಕ್ಲೇರ್ ಇರಲಿಲ್ಲ. ಹಾಗಾಗಿ ಈ ವಸ್ತುವಿನ ಸೆಳೆತ ಕೀಟನ್‌ನದೇ ಎಂದು ನಾನು ನಂಬುತ್ತೇನೆ. ಸೇಂಟ್ ಕ್ಲೇರ್‌ಗೂ ಅದು ಅಂಟಿಕೊಂಡಿತೇನೋ: 1945ರಲ್ಲಿ ಅವನು ಲಾರೆಲ್-ಹಾರ್ಡಿ ಜೋಡಿಗೆ ನಿರ್ದೇಶಿಸಿದ ‘ದ ಬುಲ್‌ಫೈಟರ್ಸ್’ನಲ್ಲಿ ಲಾರೆಲ್‌ನನ್ನು ಪ್ರಸಿದ್ಧ ಗೂಳಿಕಾಳಗಗಾರನೆಂದು ತಿಳಿಯುತ್ತಾರೆ.

‘ದ ಗೋಟ್’ ತೆರೆಕಂಡ ಹದಿಮೂರನೆಯ ದಿನ, ಮೇ 31ರಂದು, ಕೀಟನ್ ಶೆಂಕ್‌ನ ನಾದಿನಿ ನತಾಲಿ ಟಾಲ್ಮೇಜ್‌ರನ್ನು ಮದುವೆಯಾದ. ಬೇಸಿಗೆ ಕಳೆಯಿತು. ಸೆಪ್ಟೆಂಬರ್ 5ರಂದು ಸ್ಯಾನ್ ಫ್ರಾನ್ಸಿಸ್ಕೊದ ಸೇಂಟ್ ಫ್ರಾನ್ಸಿಸ್ ಹೋಟೆಲಿನಲ್ಲಿ ಅರ್ಬಕಲ್ ಇಟ್ಟುಕೊಂಡಿದ್ದ ಪಾರ್ಟಿಯಲ್ಲಿ ನಟಿ ವರ್ಜೀನಿಯಾ ರಾಪೆ ಅಸ್ವಸ್ಥರಾದರು. ನಾಲ್ಕು ದಿನಗಳ ನಂತರ ತೀರಿಕೊಂಡರು. ಮೂತ್ರಕೋಶ ಒಡೆದು ಉಂಟಾದ ಸೋಂಕು ಸಾವಿಗೆ ಕಾರಣ. ಆಕೆಯ ಸಾವಿಗೆ ಕಾರಣನೆಂಬ ಆರೋಪದ ಮೇಲೆ ಅರ್ಬಕಲ್‌ನನ್ನು ಪೊಲೀಸರು ಬಂಧಿಸಿದರು. ಅಂದು ಎದುರಿನಿಂದ ಮತ್ತು ಪಕ್ಕದಿಂದ ತೆಗೆದ ಆ ಫೋಟೊ ಇಂದಿಗೂ ಉಳಿದಿದೆ. ಕೋಟ್ಯಂತರ ಜನರನ್ನು ನಗಿಸಿದ ದುಂಡುಮುಖ ಅದರಲ್ಲಿ ಬೇರೆಯೇ ಆಗಿ ಕಾಣುತ್ತದೆ.

ಪತ್ರಿಕೋದ್ಯಮಿ ಹರ್ಸ್ಟ್ ಒಡೆತನದ ಪತ್ರಿಕೆಗಳು ವಿಚಾರಣೆಗೆ ಮೊದಲೇ ತೀರ್ಪು ಕೊಟ್ಟವು. ಊರೂರಲ್ಲಿ ಅವನ ಚಿತ್ರಗಳನ್ನು ಹಿಂತೆಗೆದುಕೊಂಡರು. ಮೂರು ಬಾರಿ ವಿಚಾರಣೆ ನಡೆಯಿತು. ಮೊದಲನೆಯದರಲ್ಲಿ ಹತ್ತು ಜ್ಯೂರಿಗಳು ನಿರ್ದೋಷಿ ಎಂದರೂ ಇಬ್ಬರು ಒಪ್ಪಲಿಲ್ಲ. ಎರಡನೆಯದರಲ್ಲಿ ಲೆಕ್ಕ ಉಲ್ಟಾ ಆಯಿತು. 1922ರ ಏಪ್ರಿಲ್ 12ರಂದು ಮೂರನೆಯ ಜ್ಯೂರಿ ಕೆಲವೇ ನಿಮಿಷಗಳಲ್ಲಿ ಅವನನ್ನು ನಿರ್ದೋಷಿಯೆಂದು ಸಾರಿತು. ಅವನಿಗೆ ಘೋರ ಅನ್ಯಾಯವಾಗಿದೆ ಎಂದು ಬರಹದಲ್ಲೇ ಹೇಳಿತು. ಆರು ದಿನ ಕಳೆಯುವುದರೊಳಗೆ ಚಿತ್ರೋದ್ಯಮದ ಹೊಸ ಮುಖ್ಯಸ್ಥ ವಿಲ್ ಹೇಸ್ ಅವನ ಚಿತ್ರಗಳಿಗೆ ನಿಷೇಧ ಹಾಕಿದ. ವರ್ಷದ ಕೊನೆಗೆ ನಿಷೇಧ ತೆಗೆದರೂ ಪ್ರಯೋಜನವಾಗಲಿಲ್ಲ. ಹೋಟೆಲಿನ ಆ ಕೋಣೆಯಲ್ಲಿ ನಡೆದದ್ದೇನು ಎಂಬುದರ ಬಗ್ಗೆ ಇತಿಹಾಸಕಾರರಲ್ಲಿ ಇಂದಿಗೂ ಭಿನ್ನಮತವಿದೆ. ಆರೋಪಕ್ಕೆ ಪುರಾವೆಯಿರಲಿಲ್ಲ ಎಂಬುದನ್ನು ಹೆಚ್ಚಿನವರು ಒಪ್ಪುತ್ತಾರೆ. ತೀರಿಹೋದ ಆ ಹೆಣ್ಣುಮಗಳ ಹೆಸರಿಗೂ ಪತ್ರಿಕೆಗಳೂ ನ್ಯಾಯಾಲಯದ ವಾದಗಳೂ ಮಸಿ ಬಳಿದವು. ಆಕೆಗೆ ಆದ ಈ ಎರಡನೆಯ ಅನ್ಯಾಯವನ್ನು ಅರ್ಬಕಲ್‌ನ ಕಥೆ ಹೇಳುವವರು ಮರೆಯುವುದು ಸರಿಯಲ್ಲ.

ಈ ವಿಚಾರಣೆಗಳ ನಡುವೆಯೇ, 1922ರ ಮಾರ್ಚ್‌ನಲ್ಲಿ, ಕೀಟನ್‌ನ ‘ಕಾಪ್ಸ್’ ಬಂದಿತು. ಅದರಲ್ಲಿ ಏನೂ ಅರಿಯದ ಯುವಕನೊಬ್ಬ ಪೊಲೀಸರ ಮೆರವಣಿಗೆಯೊಳಗೆ ಗಾಡಿ ಹೊಡೆದುಕೊಂಡು ಹೋಗುತ್ತಾನೆ, ಯಾರೋ ಎಸೆದ ಬಾಂಬು ಅವನ ಪಕ್ಕ ಬೀಳುತ್ತದೆ, ಇಡೀ ನಗರದ ಪೊಲೀಸ್ ಪಡೆ ಅವನ ಬೆನ್ನುಹತ್ತುತ್ತದೆ. ಕೊನೆಯ ಚಿತ್ರ ಸಮಾಧಿಯ ಕಲ್ಲಿನದು, ಅದರ ಮೇಲೆ ಕೀಟನ್‌ನ ಚಪ್ಪಟೆ ಹ್ಯಾಟು. ಗೆಳೆಯನಿಗಾದ ಅನ್ಯಾಯಕ್ಕೆ ಕೀಟನ್ ಕೊಟ್ಟ ಉತ್ತರ ಇದು ಎಂದು ಹಲವು ವಿಮರ್ಶಕರು ಓದುತ್ತಾರೆ. ಕೀಟನ್ ಚಿತ್ರಗಳಲ್ಲಿ ಸಂದೇಶ ಹುಡುಕಬಾರದು, ಅದು ಬರೀ ಬೆನ್ನಟ್ಟುವ ಹಾಸ್ಯ ಎನ್ನುವವರೂ ಇದ್ದಾರೆ. ಎರಡೂ ಕಡೆಯವರು ‘ದ ಗೋಟ್’ ಅನ್ನು ಸಾಕಷ್ಟು ಗಮನಿಸಿಲ್ಲ ಎಂಬುದು ನನ್ನ ಅಭಿಪ್ರಾಯ. ನಿರಪರಾಧಿಯ ಬೆನ್ನುಹತ್ತುವ ಕಾನೂನು ಎಂಬ ವಸ್ತು ಹಗರಣಕ್ಕೆ ಮೊದಲೇ ಕೀಟನ್‌ನಲ್ಲಿ ಪೂರ್ತಿಯಾಗಿ ಮೈದಳೆದಿತ್ತು. ಬದಲಾದದ್ದು ಕೊನೆ. 1921ರ ಮೇನಲ್ಲಿ ಅವನ ನಾಯಕ ತಪ್ಪಿಸಿಕೊಂಡು ಮನೆ ಕಟ್ಟಲು ಹೊರಡುತ್ತಾನೆ. 1922ರ ಮಾರ್ಚ್‌ನಲ್ಲಿ, ಹುಡುಗಿ ಮುಖ ತಿರುಗಿಸಿದ ಮೇಲೆ, ತಾನೇ ಹೋಗಿ ಪೊಲೀಸರ ಕೈಗೆ ಬೀಳುತ್ತಾನೆ. ಆ ಹತ್ತು ತಿಂಗಳಲ್ಲಿ ಹಾಲಿವುಡ್ಡಿನಲ್ಲಿ ನಡೆದದ್ದು ಈ ಬದಲಾವಣೆಯ ಹಿಂದೆ ಇಲ್ಲವೆನ್ನಲು ನನಗೆ ಮನಸ್ಸು ಬಾರದು.

ಕೀಟನ್ ಗೆಳೆಯನ ಕೈಬಿಡಲಿಲ್ಲ. ಅರ್ಬಕಲ್ ಮುಂದೆ ವಿಲಿಯಂ ಗುಡ್ರಿಚ್ ಎಂಬ ಹೆಸರಿನಲ್ಲಿ ಹಾಸ್ಯಚಿತ್ರಗಳನ್ನು ನಿರ್ದೇಶಿಸಿ ಬದುಕಿದ. ತನ್ನದೇ ಹೆಸರಿನಲ್ಲಿ ಮತ್ತೆ ಪರದೆಗೆ ಬಂದ ಸ್ವಲ್ಪ ಕಾಲದಲ್ಲೇ, 1933ರ ಜೂನ್ 29ರಂದು, 46ನೆಯ ವಯಸ್ಸಿನಲ್ಲಿ ತೀರಿಕೊಂಡ. ಜೋ ರಾಬರ್ಟ್ಸ್ 1923ರಲ್ಲೇ ಹೋಗಿದ್ದ. ‘ದ ಗೋಟ್’ನ ನಾಯಕಿ ವರ್ಜೀನಿಯಾ ಫಾಕ್ಸ್ ನಟನೆ ಬಿಟ್ಟು, ಮುಂದೆ ದೊಡ್ಡ ನಿರ್ಮಾಪಕನಾದ ಡ್ಯಾರಿಲ್ ಜಾನಕ್‌ನನ್ನು 1924ರಲ್ಲಿ ಮದುವೆಯಾದರು. ಕೀಟನ್ 1928ರಲ್ಲಿ ಸ್ವಂತ ಸ್ಟುಡಿಯೊ ಕಳೆದುಕೊಂಡು ಎಂಜಿಎಂ ಸೇರಿದ. ಕುಡಿತ, ವಿಚ್ಛೇದನ, 1933ರಲ್ಲಿ ಕೆಲಸದಿಂದ ವಜಾ. ಅವನ ಮೂಕಿಗಳು ಎಲ್ಲೆಲ್ಲೋ ಚದುರಿಹೋದವು.

1949ರಲ್ಲಿ ವಿಮರ್ಶಕ ಜೇಮ್ಸ್ ಏಜಿ ‘ಲೈಫ್’ ಪತ್ರಿಕೆಯಲ್ಲಿ ಮೂಕಿ ಹಾಸ್ಯದ ಬಗ್ಗೆ ಬರೆದ ದೀರ್ಘ ಲೇಖನ ಜನಕ್ಕೆ ಅವನನ್ನು ಮತ್ತೆ ನೆನಪಿಸಿತು. ಅವನ ಹಳೆಯ ಬಂಗಲೆ ಕೊಂಡಿದ್ದ ನಟ ಜೇಮ್ಸ್ ಮೇಸನ್‌ಗೆ 1950ರ ದಶಕದಲ್ಲಿ ಅಲ್ಲಿ ಫಿಲ್ಮ್ ಡಬ್ಬಿಗಳು ಸಿಕ್ಕವು. ರೇಮಂಡ್ ರೊಹಾವರ್ ಎಂಬ ಪ್ರದರ್ಶಕ ಉಳಿದ ಪ್ರತಿಗಳನ್ನು ಹುಡುಕಿ ಕಲೆಹಾಕಿದ. 1965ರಲ್ಲಿ ವೆನಿಸ್ ಚಿತ್ರೋತ್ಸವದ ಪ್ರೇಕ್ಷಕರು ಕೀಟನ್‌ಗೆ ಎದ್ದುನಿಂತು ಚಪ್ಪಾಳೆ ತಟ್ಟಿದರು. 1966ರ ಫೆಬ್ರವರಿ 1ರಂದು ಕೀಟನ್ ಕಣ್ಮುಚ್ಚಿದ.

ಗೆಳೆಯನ ಕಥೆ ತಿಳಿದ ಮೇಲೆ ‘ದ ಗೋಟ್’ ನೋಡುವುದೇ ಬೇರೆ ಅನುಭವ. ಇಪ್ಪತ್ತು ನಿಮಿಷ ದಾಟಿದರೆ ಮುಗಿಯುವ ಚಿತ್ರ. ಮಾತಿಲ್ಲ, ಓದಲು ಬರಹವೂ ಕಡಿಮೆ. ಆರು ವರ್ಷದ ಮಗುವಿಗೂ ಅರ್ಥವಾಗುತ್ತದೆ. ಹಕ್ಕುಸ್ವಾಮ್ಯದ ಅವಧಿ ಮುಗಿದಿರುವುದರಿಂದ ಯಾರು ಬೇಕಾದರೂ ನೋಡಬಹುದು, ತೋರಿಸಬಹುದು. ನಮ್ಮ ಶಾಲೆಗಳೂ ಊರಿನ ಚಿತ್ರಸಮಾಜಗಳೂ ಒಂದು ಸಂಜೆ ‘ದ ಗೋಟ್’ ಮತ್ತು ‘ಕಾಪ್ಸ್’ ಎರಡನ್ನೂ ಇದೇ ಕ್ರಮದಲ್ಲಿ, ಒಂದರ ಬೆನ್ನಿಗೆ ಒಂದು ತೋರಿಸಲಿ.